ಕರೆಯದವರ ಬಾಗಿಲು

ನದಿಯ ದಂಡೆಯ ಆ ಆಶ್ರಮದ ಅಂಗಳದಲ್ಲಿ ಐವತ್ತು ಜನ ಕೂತು ಉಣ್ಣಬಹುದಿತ್ತು. ಅದಕ್ಕಿಂತ ಹೆಚ್ಚು ಹಿಡಿಸುತ್ತಿರಲಿಲ್ಲ.

ಹಾಲಪ್ಪ ಮೇಷ್ಟ್ರ ಮಗಳು ಸರ್ವಮಂಗಳಳ ಮದುವೆ ಅಲ್ಲೇ ಎಂದು ಗೊತ್ತಾಗಿತ್ತು. ಗಂಡಿನ ಕಡೆಯವರು ಇಪ್ಪತ್ತೈದು, ಹೆಣ್ಣಿನ ಕಡೆಯವರು ಇಪ್ಪತ್ತೈದು. ಮದುವೆ ಅಂದರೆ ಸರಳವಾಗಿರಬೇಕು ಎಂದು ಹಾಲಪ್ಪ ಊರಿಗೆಲ್ಲ ಹೇಳಿಕೊಂಡು ಬಂದವನು. ಈಗ ಮಾತು ಉಳಿಸಿಕೊಳ್ಳುವ ಕಾಲ ಬಂದಿತ್ತು.

ಹನ್ನೆರಡು ವರ್ಷದಿಂದ ಅವನು ಗುರುಗಳ ಶಿಷ್ಯ. ಒಂದು ಬೆಳಿಗ್ಗೆ ಪಟ್ಟಿ ಹಿಡಿದುಕೊಂಡು ಬಂದ. ಗುರುಗಳು ಅವರೆಕಾಯಿ ಸುಲಿಯುತ್ತ ಕೂತಿದ್ದರು.

"ಗುರುಗಳೇ, ಇಪ್ಪತ್ತನಾಲ್ಕು ಹೆಸರಾಯಿತು. ಇನ್ನೊಬ್ಬರಿಗೆ ಜಾಗ ಇದೆ. ನಮ್ಮ ಹೆಡ್‌ಮಾಸ್ಟರನ್ನು ಕರೆಯಲೋ, ಸೊಸೈಟಿ ಅಧ್ಯಕ್ಷರನ್ನು ಕರೆಯಲೋ? ಒಬ್ಬರನ್ನು ಕರೆದರೆ ಇನ್ನೊಬ್ಬರು ಮುನಿಸಿಕೊಳ್ಳುತ್ತಾರೆ."

"ಪಟ್ಟಿ ಓದು."

ಹಾಲಪ್ಪ ಓದಿದ. ಗುರುಗಳು ಕೊನೆಯ ಹೆಸರಿನವರೆಗೂ ಕೇಳಿದರು.

"ಬಿಟ್ಟವರ ಪಟ್ಟಿ ಎಲ್ಲಿ?"

"ಅದನ್ನು ಬರೆದಿಲ್ಲ."

"ಬಾಯಲ್ಲಿ ಹೇಳು."

ದೂರದ ಸಂಬಂಧಿಗಳು, ಹಳೆಯ ಓಣಿಯವರು, ಜೊತೆಯಲ್ಲಿ ಓದಿದವರು. ಹಾಲಪ್ಪ ಒಂದೊಂದೇ ಹೇಳುತ್ತ ಹೋದ. ಒಂದು ಕಡೆ ಮಾತು ನಿಂತಿತು.

ಗುರುಗಳ ಕೈಯೂ ನಿಂತಿತು.

"ಹೇಳಪ್ಪಾ."

"ನಮ್ಮ ಅಕ್ಕ."

ಈರಮ್ಮ ಅವನಿಗಿಂತ ಆರು ವರ್ಷ ದೊಡ್ಡವಳು. ಮದುವೆಯಾದ ಮರುವರ್ಷ ಅವಳ ಕೈಮೇಲೆ ಬಿಳಿ ಮಚ್ಚೆ ಕಾಣಿಸಿಕೊಂಡಿತು. ಅದು ಕುತ್ತಿಗೆಗೆ ಏರಿ ಮುಖಕ್ಕೆ ಬರುವ ಹೊತ್ತಿಗೆ ಗಂಡ ಅವಳನ್ನು ತವರಿಗೆ ತಂದುಬಿಟ್ಟಿದ್ದ. ಸರ್ವಮಂಗಳ ಹುಟ್ಟಿದ ಒಂಬತ್ತನೇ ದಿನಕ್ಕೆ ಹಾಲಪ್ಪನ ಹೆಂಡತಿ ತೀರಿಕೊಂಡಾಗ ಕೂಸನ್ನು ಎತ್ತಿಕೊಂಡವಳು ಈರಮ್ಮ. ಹತ್ತು ವರ್ಷ ಸಾಕಿದಳು. ಹಾಲಪ್ಪನಿಗೆ ಪೇಟೆಯ ಶಾಲೆಗೆ ವರ್ಗವಾಯಿತು. ಮಗಳನ್ನು ಕರೆದುಕೊಂಡು ಹೋದ, ಅಕ್ಕನನ್ನು ಅಲ್ಲೇ ಬಿಟ್ಟ.

"ಅವಳನ್ನು ಯಾಕೆ ಬಿಟ್ಟೆ?"

"ಹೆಣ್ಣು ನೋಡಲು ಬಂದಾಗ ಗಂಡಿನ ತಾಯಿ ಕೇಳಿದರು, ನಿಮ್ಮ ಮನೆತನದಲ್ಲಿ ಯಾರಿಗಾದರೂ ತೊನ್ನು ಇದೆಯಾ ಅಂತ. ಯಾರಿಗೂ ಇಲ್ಲ, ನನಗೆ ಒಡಹುಟ್ಟಿದವರೇ ಇಲ್ಲ ಅಂದುಬಿಟ್ಟೆ."

"ಶಾಲೆಯಲ್ಲಿ ಮಕ್ಕಳಿಗೆ ಏನು ಹೇಳಿಕೊಡ್ತೀಯ?"

"ಅದು ಅಂಟುವ ರೋಗವಲ್ಲ, ಅಂಥವರನ್ನು ದೂರ ಇಡಬಾರದು ಅಂತ." ಹಾಲಪ್ಪ ತಲೆ ತಗ್ಗಿಸಿದ.

"ಮಗಳಿಗೆ?"

"ಅತ್ತೆಗೆ ಹುಷಾರಿಲ್ಲ, ಬರುವುದಿಲ್ಲ ಅಂದಿದ್ದೇನೆ. ಗುರುಗಳೇ, ಅವಳ ಬಾಳಿನ ಪ್ರಶ್ನೆ."

"ಸರಿ. ಅಕ್ಕನನ್ನು ಕರೀಬೇಡ."

ಹಾಲಪ್ಪ ನಂಬಲಾರದೆ ತಲೆಯೆತ್ತಿದ.

"ಆದರೆ ಕರೆಯೋದಿಲ್ಲ ಅಂತ ಅವಳ ಬಾಗಿಲಿಗೆ ಹೋಗಿ ಹೇಳಿ ಬಾ. ಮೊದಲು ಅಲ್ಲಿಗೆ. ಕರೆಯೋರ ಮನೆಗೆಲ್ಲ ಆಮೇಲೆ."

"ಅದನ್ನು ಹೇಗೆ ಹೇಳಲಿ ಗುರುಗಳೇ?"

ಗುರುಗಳು ಮತ್ತೊಂದು ಅವರೆಕಾಯಿ ಎತ್ತಿಕೊಂಡರು.

ಮಧ್ಯಾಹ್ನದ ಬಸ್ಸಿಗೆ ಹಾಲಪ್ಪ ಅಕ್ಕನ ಊರಿಗೆ ಹೋದ. ದಾರಿಯುದ್ದಕ್ಕೂ ಮಾತು ಜೋಡಿಸಿಕೊಂಡ. ಯಾವುದೂ ಹೊಂದಲಿಲ್ಲ.

ಅಕ್ಕನ ಮನೆಯ ಮುಂದೆ ಪಕ್ಕದ ಮನೆಯಾಕೆ ಸಿಕ್ಕಿದಳು.

"ಏನು ಮೇಷ್ಟ್ರೇ, ಅಕ್ಕನ್ನ ಮತ್ತೆ ಕರೆಯೋಕೆ ಬಂದ್ರಾ? ಎಷ್ಟು ಸಲ ಕರೆದರೂ ಅಷ್ಟೇ ಬಿಡಿ. ಪಾಪ, ಮಂಡಿ ನೋವಂತೆ. ತಮ್ಮ ಎಲ್ಲರಿಗಿಂತ ಮೊದಲು ನನ್ನನ್ನೇ ಕರೆದ, ಹೋಗೋಕೆ ಆಗ್ತಿಲ್ಲ ಅಂತ ತಿಂಗಳಿಂದ ಹೇಳ್ತಾನೇ ಇದಾಳೆ."

"ಅಕ್ಕಾ," ಎಂದು ಹಾಲಪ್ಪ ಬಾಗಿಲಲ್ಲಿ ಕೂಗಿದ.

ತಮ್ಮನ ದನಿ ಕೇಳಿ ಈರಮ್ಮ ಒಳಗಿನಿಂದ ಓಡಿಬಂದಳು. ಮಂಡಿಯಲ್ಲಿ ಯಾವ ನೋವೂ ಇರಲಿಲ್ಲ. ಪಕ್ಕದ ಮನೆಯಾಕೆಯನ್ನು ಕಂಡೊಡನೆ ಗೋಡೆ ಹಿಡಿದುಕೊಂಡು ಕುಂಟಿದಳು.

ಒಳಗೆ ಬಂದ ಮೇಲೆ ಹಾಲಪ್ಪ ಕೇಳಿದ, "ಯಾಕಕ್ಕ ಹಾಗೆ ಹೇಳಿದೆ?"

"ಮತ್ತೆ? ತಮ್ಮ ಕರೆಯಲಿಲ್ವಾ ಅಂತ ಊರವರು ಕೇಳ್ತಾರೆ. ನಿನಗೆ ಯಾಕಪ್ಪಾ ಕೆಟ್ಟ ಹೆಸರು?"

"ಅಕ್ಕ, ನಾನು ಬಂದಿದ್ದು..."

"ಏನೂ ಹೇಳಬೇಡ ತಮ್ಮಾ. ನನಗೆ ಗೊತ್ತು. ಬಿಸಿಲಲ್ಲಿ ಬಂದಿದೀಯ, ಮಜ್ಜಿಗೆ ಕುಡಿ."

ಅವಳ ಕಾಲು ಹಿಡಿದುಕೊಳ್ಳಬೇಕು ಅನ್ನಿಸಿತು. ಬಾಗಿಲ ಆಚೆ ಆ ಹೆಂಗಸು ಇನ್ನೂ ನಿಂತಿದ್ದಳು. ಅವಳು ನೋಡಿದರೆ ಏನಂದುಕೊಂಡಾಳು ಎಂದು ಹಾಲಪ್ಪ ಹಿಂಜರಿದ. ಹಿಂಜರಿದದ್ದು ಅವನಿಗೇ ತಿಳಿಯಿತು. ಲೋಟ ಕೆಳಗಿಟ್ಟು ಎದ್ದುಬಂದ.

ಮರುದಿನ ಆಶ್ರಮದಲ್ಲಿ ಗುರುಗಳು ಕೇಳಿದರು, "ಬರಬೇಡ ಅಂದೆಯಾ?"

"ಇಲ್ಲ."

"ಬಾ ಅಂದೆಯಾ?"

"ಇಲ್ಲ. ಯಾವ ಮುಖ ಇಟ್ಟುಕೊಂಡು ಕರೆಯಲಿ ಗುರುಗಳೇ?"

"ಇರೋದು ಒಂದೇ ತಾನೇ? ಅದನ್ನೇ ಇಟ್ಟುಕೊಂಡು ಹೋಗು."

"ಎಲ್ಲಿಗೆ?"

"ಸುಳ್ಳು ಹೇಳಿದ ಮನೆಗೆ."

ಹಾಲಪ್ಪ ಬೀಗರ ಮನೆಗೆ ಹೋದ. ಕೂರಿ ಎಂದರೂ ಕೂರಲಿಲ್ಲ.

"ನನಗೆ ಒಬ್ಬಳು ಅಕ್ಕ ಇದ್ದಾಳೆ. ಅವಳಿಗೆ ತೊನ್ನಿದೆ. ನನ್ನ ಮಗಳನ್ನು ಸಾಕಿದವಳು ಅವಳೇ. ಅವತ್ತು ನಾನು ಸುಳ್ಳು ಹೇಳಿದೆ."

ಗಂಡಿನ ತಾಯಿ ಎದ್ದು ಒಳಗೆ ಹೋದರು. ಗಂಡಿನ ತಂದೆ ಬಾಗಿಲವರೆಗೆ ಬಂದರು.

"ಎರಡು ದಿನ ಬಿಟ್ಟು ಹೇಳಿ ಕಳಿಸ್ತೀವಿ ಮೇಷ್ಟ್ರೇ."

ಮನೆಗೆ ಬಂದು ಮಗಳಿಗೂ ಹೇಳಿದ. ಮದುವೆ ಮುರಿಯಬಹುದು ಎಂದು ಅವಳು ಅಳುತ್ತಾಳೆ ಅಂದುಕೊಂಡಿದ್ದ. ಅವಳು ಅಳಲಿಲ್ಲ.

"ಹಾಗಾದರೆ ಅತ್ತೆಗೆ ಹುಷಾರಿಲ್ಲ ಅಂದಿದ್ದು ಸುಳ್ಳಾ?" ಅಂದಳು. ಆಮೇಲೆ ಎರಡು ದಿನ ಅಪ್ಪನ ಜೊತೆ ಮಾತಾಡಲಿಲ್ಲ. ಊಟಕ್ಕೆ ಬಡಿಸುವಾಗಲೂ ಇಲ್ಲ.

ಮೂರನೇ ದಿನ ಗಂಡೇ ಬೈಕಿನಲ್ಲಿ ಬಂದ.

"ಮದುವೆ ನಡೆಯುತ್ತೆ ಮಾವ. ದೊಡ್ಡಪ್ಪನ ಮನೆಯವರು ಒಂಬತ್ತು ಜನ ಬರಲ್ಲ ಅಂದಿದಾರೆ. ಅಮ್ಮ ಬರ್ತಾರೆ. ನಿಮ್ಮ ಹತ್ತಿರ ಮಾತಾಡ್ತಾರೋ ಇಲ್ವೋ, ಅದು ಮಾತ್ರ ಗೊತ್ತಿಲ್ಲ."

ಹಾಲಪ್ಪ ಕುಂಕುಮದ ಬಟ್ಟಲು ಹಿಡಿದು ಅಕ್ಕನ ಮನೆಗೆ ಹೋದ. ನಡೆದದ್ದನ್ನೆಲ್ಲ ಹೇಳಿದ.

"ಸರ್ವಿಗೆ ಏನೂ ತೊಂದರೆ ಆಗಲ್ಲ ತಾನೇ?" ಅದೊಂದನ್ನೇ ಅವಳು ಮೂರು ಸಲ ಕೇಳಿದಳು. ಆಮೇಲೆ ಬರುತ್ತೇನೆ ಅಂದಳು.

ಮದುವೆಯ ದಿನ ಈರಮ್ಮ ತುಂಬುತೋಳಿನ ರವಿಕೆ ತೊಟ್ಟು, ತಲೆತುಂಬ ಸೆರಗು ಹೊದ್ದು ಬಂದಳು. ಅಡುಗೆಮನೆಯ ಬಾಗಿಲ ಹಿಂದೆ ನಿಂತು ಅಕ್ಷತೆ ಎಸೆದಳು. ತಾಳಿ ಕಟ್ಟಿದ್ದಾಯಿತು. ಪಂಕ್ತಿಗೆ ಎಲೆ ಹಾಕುವ ಹೊತ್ತಿಗೆ ಅವಳು ಅಲ್ಲಿರಲಿಲ್ಲ.

ಹಾಲಪ್ಪ ಹುಡುಕಿಕೊಂಡು ಹೋದ. ಹಿತ್ತಲಲ್ಲಿ, ಪಾತ್ರೆ ತೊಳೆಯುವ ಕಲ್ಲಿನ ಪಕ್ಕ, ನುಗ್ಗೆಮರದ ನೆರಳಲ್ಲಿ ನೆಲದ ಮೇಲೆ ಕೂತಿದ್ದಳು.

"ಒಳಗೆ ಬಾ ಅಕ್ಕ."

"ಇಲ್ಲೇ ಚೆನ್ನಾಗಿದೆ ತಮ್ಮಾ. ಹೋಗು, ಬೀಗರನ್ನು ನೋಡಿಕೋ."

"ನಾನು ಕರೀತಾ ಇದೀನಲ್ಲ."

"ಕರೆದೆ, ಬಂದೆ. ಸಾಕು. ಅಷ್ಟು ಜನರ ಮುಂದೆ ನನ್ನನ್ನು ಎಳೀಬೇಡಪ್ಪಾ. ನನಗೆ ಇದೇ ಅಭ್ಯಾಸ ಆಗಿದೆ."

ಈ ಅಭ್ಯಾಸ ಮಾಡಿಸಿದವರು ಯಾರು ಎಂದು ಹಾಲಪ್ಪನಿಗೆ ಯಾರೂ ಹೇಳಬೇಕಾಗಿರಲಿಲ್ಲ. ಊರಲ್ಲಿ ಒಟ್ಟಿಗಿದ್ದಾಗ ಮನೆಗೆ ನೆಂಟರು ಬಂದಾಗಲೆಲ್ಲ ಅವಳನ್ನು ಹಿತ್ತಲಿಗೆ ಕಳಿಸುತ್ತಿದ್ದವನು ಅವನೇ.

ಅಂಗಳಕ್ಕೆ ವಾಪಸು ಬಂದ. ಪಂಕ್ತಿಯಲ್ಲಿ ಒಂಬತ್ತು ಜಾಗ ಹಾಗೇ ಖಾಲಿ ಇದ್ದವು. ಮೊದಲ ಎಲೆಯ ಮುಂದೆ ಗುರುಗಳು ಕೂತಿದ್ದರು. ಅವರ ಪಕ್ಕದ ಎಲೆ ಹಾಲಪ್ಪನಿಗೆಂದು ಹಾಕಿದ್ದು.

ಅವನು ಬಗ್ಗಿ ತಗ್ಗಿದ ದನಿಯಲ್ಲಿ ಹೇಳಿದ, "ಗುರುಗಳೇ, ಎಷ್ಟು ಕರೆದರೂ ಅಕ್ಕ ಒಳಗೆ ಬರುತ್ತಿಲ್ಲ. ಹಿತ್ತಲಲ್ಲಿ ಕೂತಿದ್ದಾಳೆ. ನೀವು ಹೇಳಿದರೆ ಕೇಳುತ್ತಾಳೆ. ಒಳಗೆ ಬಂದು ಕೂತುಕೋ ಅಂತ ಒಂದು ಮಾತು ಹೇಳಿ."

ಗುರುಗಳು ಅವನ ಮುಖ ನೋಡಿದರು.

"ಎಲ್ಲಿ ಕೂರಬೇಕು ಅಂತ ಅವಳಿಗೆ ಇನ್ನೂ ಎಷ್ಟು ದಿನ ಹೇಳ್ತೀಯಪ್ಪಾ? ನಿನ್ನ ಎಲೆ ತಗೊಂಡು ಅಲ್ಲಿಗೆ ಹೋಗು."