ಕೊನೆಯ ಗೂಟಕ್ಕೆ ನೇತುಬಿದ್ದ ಓಲೆ

ಯಾವ ಕಾಲವೋ, ಯಾವ ರಾಜನೋ, ನನಗೆ ಹೇಳಿದವರು ಹೇಳಲಿಲ್ಲ. ಒಂದು ಊರು, ಊರಿಗೊಂದು ಚಾವಡಿ, ಚಾವಡಿಗೊಬ್ಬ ನ್ಯಾಯಾಧಿಕಾರಿ ಇದ್ದನಂತೆ. ಹೆಸರು ಶಿವದೇವಯ್ಯ. ಲಂಚ ಮುಟ್ಟಿದವನಲ್ಲ, ಸುಳ್ಳು ಆಡಿದವನಲ್ಲ. ಕ್ರಮ ತಪ್ಪಿದರೆ ಮಾತ್ರ ಅವನಿಗೆ ಅನ್ನ ಇಳಿಯುತ್ತಿರಲಿಲ್ಲವಂತೆ. ಚಾವಡಿಗೆ ಬಂದ ಓಲೆಗಳನ್ನೆಲ್ಲ ಬಂದ ಸರದಿಯಲ್ಲೇ ಗೋಡೆಯ ಗೂಟಗಳಿಗೆ ನೇತುಹಾಕಿಸುತ್ತಿದ್ದ. ಮೊದಲ ಗೂಟದ್ದು ಮುಗಿಯದೆ ಮುಂದಿನದನ್ನು ಮುಟ್ಟುವಂತಿಲ್ಲ. ನಗಬೇಡಿ. ನಾನು ಅಲ್ಲಿದ್ದಿದ್ದರೆ ಗೂಟಗಳ ಸಾಲು ಓರೆಯಾಗಿದೆ ಎಂದು ಅಷ್ಟನ್ನೂ ಕೀಳಿಸಿ ಮತ್ತೆ ಹೊಡೆಸುತ್ತಿದ್ದೆ.

ಆ ಊರಲ್ಲಿ ಕೆಂಪೀರಮ್ಮ ಎಂಬ ಒಂಟಿ ಹೆಂಗಸು. ಅವಳಿಗೊಂದು ಹಸು, ಹಸುವಿಗೊಂದು ಎಳೆಗರು. ಪಕ್ಕದ ಮನೆಯ ನಂಜೇಗೌಡ, 'ಆ ಹಸು ನನ್ನದು' ಎಂದು ದಾವೆ ಹೂಡಿದ. ವ್ಯಾಜ್ಯದ ದನ ತೀರ್ಪಾಗುವವರೆಗೆ ಚಾವಡಿಯ ಹಿಂದಿನ ದೊಡ್ಡಿಯಲ್ಲಿರಬೇಕು, ಅದು ಕಟ್ಟಳೆ. ಹಸುವನ್ನು ಒಳಗೆ ಕೂಡಿದರು. ಕರುವನ್ನು ಬಾಗಿಲಲ್ಲೇ ತಡೆದರು.

"ಬುದ್ಧಿ, ಇದನ್ನೂ ತಾಯಿ ಹತ್ರ ಬಿಡಿ," ಎಂದಳು ಕೆಂಪೀರಮ್ಮ.

"ದಾವೆಯಲ್ಲಿ ಹಸು ಅಂತಿದೆ. ಕರು ಅಂತಿಲ್ಲ. ವ್ಯಾಜ್ಯವಿಲ್ಲದ ದನ ದೊಡ್ಡಿಗೆ ಹೋಗುವಂತಿಲ್ಲ. ಅರ್ಜಿ ಕೊಡು."

"ಕೊಡ್ತೀನಿ. ಯಾವಾಗ ನೋಡ್ತೀರಿ?"

"ಸರದಿ ಬಂದಾಗ."

ಅರ್ಜಿ ಕೊನೆಯ ಗೂಟಕ್ಕೆ ಹೋಯಿತು. ಕರು ಗಂಜಿ ಮೂಸಲಿಲ್ಲ. ನೆರೆಯವರ ಮೇಕೆಹಾಲು ಕುಡಿಸಿ ಕೆಂಪೀರಮ್ಮ ಅದರ ಜೀವ ಹಿಡಿದಿದ್ದಳು. ಆದರೂ ಪಕ್ಕೆ ಎಲುಬು ಎದ್ದವಂತೆ. ಹೀಗೇ ಬಿಟ್ಟರೆ ಸಾಯುತ್ತದೆ ಎಂದು ಅರಮನೆಗೆ ನಡೆದಳು.

ರಾಜ ಕೇಳಿದ. "ಇಷ್ಟೇನಾ ತಾಯಿ?" ಎಂದ. 'ಕೆಂಪೀರಮ್ಮನ ಅರ್ಜಿ ಬೇಗ ಇತ್ಯರ್ಥ ಮಾಡಿ' ಎಂದು ಓಲೆ ಕಳಿಸಿದ.

ಚಾವಡಿಯಲ್ಲಿ ಎಲ್ಲರೂ ಎದ್ದು ನಿಂತರು. ಶಿವದೇವಯ್ಯ ಓಲೆಯನ್ನು ಎರಡು ಕೈಯಲ್ಲಿ ತೆಗೆದುಕೊಂಡು ಕಣ್ಣಿಗೊತ್ತಿಕೊಂಡ. ಮುದ್ರೆ ಒಡೆಯಲಿಲ್ಲ. ಇವತ್ತು ಬಂದ ಓಲೆ ತಾನೆ? ಕೊನೆಯ ಗೂಟಕ್ಕೆ ಹಾಕಿಸಿದ, ಅರ್ಜಿಯ ಹಿಂದೆ.

ಕೆಂಪೀರಮ್ಮ ಮತ್ತೆ ನಡೆದಳು. ರಾಜ ಕೆಂಡವಾಗಿ, 'ಆ ಓಲೆ ಏನಾಯಿತು?' ಎಂದು ಇನ್ನೊಂದು ಬರೆಸಿದ. ಅದು ಮೊದಲನೆಯದರ ಹಿಂದೆ ನೇತುಬಿತ್ತು.

ಅವಳಿಗೆ ರೇಗಿತು. ಮರುದಿನ ಕರುವನ್ನು ತಬ್ಬಿಕೊಂಡು ತಂದು ಚಾವಡಿಯ ನಡುವೆ ನಿಲ್ಲಿಸಿದಳು. "ಸರದಿ ಬರೋವರೆಗೆ ಇಲ್ಲೇ ಕಾಯ್ತೀವಿ, ಬುದ್ಧಿ."

ಕಾಯುವವರನ್ನು ಹೊರಗೆ ಹಾಕುವಂತಿಲ್ಲ, ಅದೂ ಕಟ್ಟಳೆ. ಆಗ ಯಾರದೋ ಸೂರಿನ ನೀರಿನ ವ್ಯಾಜ್ಯ ನಡೆದಿತ್ತು. ಕರು 'ಅಂಬಾ' ಎಂದಿತು. ದೊಡ್ಡಿಯಿಂದ ಹಸು ಓಗೊಟ್ಟಿತು. ಇದು ಕೂಗುತ್ತದೆ, ಅದು ಕೂಗುತ್ತದೆ. ಸಾಕ್ಷಿ ಬಾಯಿ ಆಡಿಸುತ್ತಾನೆ, ಒಂದು ಮಾತೂ ಕೇಳದು.

"ಬೋರಾ! ಅದರ ಬಾಯಿ ಮುಚ್ಚಿಸೋ!"

ತಳವಾರ ಬೋರ ಕೈ ಕಟ್ಟಿದ. "ಅದು ನಂಗೆಲ್ಲಿ ಹೆದರ್ತದೆ ಬುದ್ಧಿ? ಮೊಲೆ ಸಿಕ್ಕರೆ ಸುಮ್ಕಾಗ್ತದೆ."

"ಹಾಗಾದರೆ ಕುಡಿಸೋ ಮಾರಾಯ! ದಿನಾ ಕುಡಿಸು! ಕಿವಿ ತೂತಾಯ್ತು!"

ಬೋರ ದೊಡ್ಡಿಯ ಅಗಳಿ ತೆಗೆದ. ಕರು ಓಡಿತು. ಚಾವಡಿ ನಿಶ್ಶಬ್ದವಾಯಿತು.

ಕೆಂಪೀರಮ್ಮ ಕೈಮುಗಿದಳು. "ನಾನು ಕೇಳಿದ್ದೂ ಅಷ್ಟೇ, ಅರಮನೆ ಓಲೇಲಿರೋದೂ ಅಷ್ಟೇ, ಬುದ್ಧಿ. ಹೋಗಿ ಬರ್ತೀನಿ."

ಶಿವದೇವಯ್ಯ ಗೋಡೆ ನೋಡಿದ, ಬೋರನನ್ನು ನೋಡಿದ. ಆಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕನಂತೆ. "ನೋಡಿದೆಯೇನೋ ನನ್ನ ಜಾಣತನ? ಅರ್ಜಿ ಓದದೆಯೇ ಇತ್ಯರ್ಥ ಮಾಡಿಬಿಟ್ಟೆ. ಓದಲು ಹೋಗಿದ್ದರೆ ಕರು ಸತ್ತಿರುತ್ತಿತ್ತು."

ಅಂದೇ ಅರಮನೆಗೆ ಬರೆಸಿದ: 'ಮಹಾಸ್ವಾಮಿ, ತಮ್ಮ ಎರಡು ಓಲೆಗಳನ್ನು ಇನ್ನೂ ಬಿಚ್ಚಿಲ್ಲ. ಆದರೂ ಪಾಲಿಸಿದ್ದೇವೆ. ಈ ಚಾವಡಿ ಇದಕ್ಕಿಂತ ಬೇಗ ಕೆಲಸ ಮಾಡಲಾರದು.'

ಹಸು ಯಾರದೆಂಬ ದಾವೆ ಮಾತ್ರ ಇನ್ನೂ ನಡೆಯುತ್ತಿದೆಯಂತೆ.

ಕರು ಕುಡಿದು ಮಿಕ್ಕ ಹಾಲು ನಿಮಗೆ, ಹೇಳಿ ಒಣಗಿದ ಗಂಟಲು ನನಗೆ.