ಕಾಡುಸಾಸಿವೆಗೆ ಕೇಳಿಸದ ಮಾತು

ಭೂಮಿಯ ಮೇಲೆ ಇನ್ನೂ ಮನುಷ್ಯರ ಹೆಜ್ಜೆಯೂ ಮೂಡಿರದ ಹೊಸ ಕಾಲ ಅದು. ಭೂಮಿತಾಯಿ ಗಿಡಮರಗಳ ನಡುವೆ ನಡೆಯುತ್ತ ಒಬ್ಬೊಬ್ಬರಿಗೂ ಆಯಸ್ಸು ಹೇಳುತ್ತಿದ್ದಳು.

"ಆಲವೇ, ನಿನಗೆ ಐನೂರು ವರ್ಷ. ಹುಣಸೆಯೇ, ನಿನಗೆ ಇನ್ನೂರು."

ಕಲ್ಲುಗುಡ್ಡದ ಒಣನೆಲದಲ್ಲಿ ಕಾಡುಸಾಸಿವೆ ಎಂಬ ಪುಟ್ಟ ಗಿಡ ಕಾಯುತ್ತಿದ್ದಳು. ಅವಳ ಸರದಿ ಬಂದಾಗಲೇ ಗಾಳಿ ಭರ್ರೆಂದು ಬೀಸಿತು. "ಒಂದು" ಎಂಬುದಷ್ಟೇ ಅವಳಿಗೆ ಕೇಳಿಸಿತು.

ಒಂದು ಏನು? ದಿನವೋ, ತಿಂಗಳೋ, ವರ್ಷವೋ? ಕೇಳೋಣವೆಂದರೆ ತಾಯಿ ಆಗಲೇ ಗುಡ್ಡ ಇಳಿದಿದ್ದಳು.

"ಗಾಳಿಯಣ್ಣ, ಅಮ್ಮ ನನಗೇನಂದಳು?"

"ನನಗೇನು ಗೊತ್ತು ತಂಗಿ, ಸದ್ದು ಮಾಡ್ತಿದ್ದವನೇ ನಾನು!"

"ಬಂಡೆಯಜ್ಜ, ಅಮ್ಮ ನನಗೇನಂದಳು?"

"ಏನೋ ಅಂದಳಮ್ಮ. ಅವಸರ ಯಾಕೆ? ನನ್ನ ಹಾಗೆ ಕೂತಿರು."

"ಇರುವೆಯಕ್ಕ, ಅಮ್ಮ ನನಗೇನಂದಳು?"

"ಒಂದೇ ದಿನ ಇರಬೇಕು ಕಣೆ! ಬೇಗ, ಬೇಗ!"

ಕಾಡುಸಾಸಿವೆಗೆ ದಿಕ್ಕೇ ತೋಚಲಿಲ್ಲ. ಬೆಳಗ್ಗೆ ಮೊಗ್ಗು ಬಿಡುವಳು, ಮಧ್ಯಾಹ್ನ ಬೇಡವೆಂದು ಮುದುಡಿಸಿಕೊಳ್ಳುವಳು. ಬೆಳೆಯಬೇಕೋ ಕಾಯಬೇಕೋ, ತಿಳಿಯದು.

ಅಷ್ಟರಲ್ಲಿ ಮಳೆಗಾಲ ಮುಗಿದು ಗುಡ್ಡ ಒಣಗತೊಡಗಿತು. ಒಂದು ಕೋಲುಜೇನು ಸುಸ್ತಾಗಿ ಬಂದು ಅವಳ ಎಲೆಯ ಮೇಲೆ ಕೂತಿತು.

"ತಂಗಿ, ಗುಡ್ಡದಲ್ಲಿ ಎಲ್ಲೂ ಹೂವಿಲ್ಲ. ನೀನು ಯಾವಾಗ ಅರಳ್ತೀಯ?"

"ಗೊತ್ತಿಲ್ಲಕ್ಕ. ಎಷ್ಟು ಕಾಲ ಇರ್ತೀನಿ ಅನ್ನೋದೇ ಗೊತ್ತಿಲ್ಲ."

"ನನ್ನ ಮರಿಗಳು ನಾಡಿದ್ದಿಗೆ ಉಳಿಯಲ್ಲ. ಅದು ಮಾತ್ರ ನನಗೆ ಗೊತ್ತು."

ಕಾಡುಸಾಸಿವೆ ಬೇರಿನಲ್ಲಿದ್ದ ಚೂರು ತೇವವನ್ನೆಲ್ಲ ಮೇಲಕ್ಕೆಳೆದು, ಗೇಣುದ್ದವೂ ಬೆಳೆಯದೆ ಅರಳಿಯೇಬಿಟ್ಟಳು. ಜೇನುಗಳು ಯಾವ ಕಡೆಯಿಂದ ಬರುತ್ತವೋ ಎಂದು ತಿಳಿಯದೆ, ನಾಲ್ಕು ಹಳದಿ ಎಸಳುಗಳನ್ನು ನಾಲ್ಕು ದಿಕ್ಕಿಗೆ ಚಾಚಿದಳು.

ಜೇನುಗಳು ಬಂದವು. ಮರಿಗಳು ಉಳಿದವು. ಕಾಡುಸಾಸಿವೆ ಮಾತ್ರ ಒಣಗುತ್ತ ಬಂದಳು. ಕಾಯಿಗಳು ಸಿಡಿದು ಬೀಜ ನೆಲಕ್ಕೆ ಚೆಲ್ಲಿತು.

ಆಗ ಭೂಮಿತಾಯಿ ಹಿಂತಿರುಗಿ ಬಂದಳು. "ಅಯ್ಯೋ ಮಗಳೇ! ನಿನಗೆ ಒಂದು ನೂರು ವರ್ಷ ಅಂದಿದ್ದೆನಲ್ಲೇ!"

"ಕೇಳಿಸಲೇ ಇಲ್ಲಮ್ಮ. ನಾನು ಮಾಡಿದ್ದು ತಪ್ಪಾ?"

 ಪಕ್ಕದ ಪೊದೆಯ ಗೂಡಿನಲ್ಲಿ ಜೇನುಮರಿಗಳು ಗುಂಯ್‌ಗುಡುತ್ತಿದ್ದವು. ತಾಯಿ ಬಗ್ಗಿ, ಚೆಲ್ಲಿದ ಬೀಜಗಳ ಮೇಲೆ ಮಣ್ಣು ಹೊದಿಸಿದಳು.

"ಮಲಗಿರಿ ಮಕ್ಕಳೇ. ಮಳೆ ಬಂದಾಗ ಏಳಿ."

ಎಷ್ಟು ವರ್ಷ ಎಂದು ಅವಳು ಹೇಳಲಿಲ್ಲ, ಬೀಜಗಳೂ ಕೇಳಲಿಲ್ಲ.

ಅದಕ್ಕೇ ಮಗು, ಇವತ್ತಿಗೂ ಒಣಗುಡ್ಡದಲ್ಲಿ ನಾಲ್ಕು ಹನಿ ಮಳೆ ಬಿದ್ದರೆ ಸಾಕು, ಕಾಡುಸಾಸಿವೆ ಸರಿಯಾಗಿ ಬೆಳೆಯುವುದಕ್ಕೂ ಕಾಯದೆ ಗಡಿಬಿಡಿಯಿಂದ ಹೂ ಬಿಡುತ್ತದೆ.