ಹೊಸ್ತಿಲಲ್ಲಿ ಹೇಳಿದ ಹೆಸರು

“ಗುರುಗಳೇ, ಮನೆತನದ ಪದ್ಧತಿಯ ಬಗ್ಗೆ ಹೆಮ್ಮೆಪಡುವುದು ತಪ್ಪೇ?” ಎಂದು ಶಿಷ್ಯನೊಬ್ಬ ಕೇಳಿದ.

ಗುರುಗಳು ಒಂದು ಕತೆ ಹೇಳಿದರು.

ಒಂದೂರಿನಲ್ಲಿ ಒಬ್ಬ ರೈತನಿದ್ದ. ಅವನ ಹೆಂಡತಿ ಕಲ್ಲವ್ವ. ಆ ಮನೆಗೆ ಬರುವ ಹೊಸ ಸೊಸೆ ಹೊಸ್ತಿಲ ಹೊರಗೆ ನಿಂತು ಒಡಪು ಹೇಳಬೇಕಿತ್ತು. ಗಂಡನ ಹೆಸರನ್ನು ಎರಡು ಸಾಲಿನ ಪದದಲ್ಲಿ ಸೇರಿಸಿ ಎಲ್ಲರೆದುರು ನುಡಿದ ಮೇಲೆಯೇ ಒಳಗೆ ಪ್ರವೇಶ. ಏಳು ತಲೆಮಾರಿನಿಂದ ಒಬ್ಬಳೂ ಇದನ್ನು ತಪ್ಪಿಸಿರಲಿಲ್ಲ. ಹಬ್ಬ, ಮದುವೆಗಳಲ್ಲಿ ಕಲ್ಲವ್ವ ಹೇಳುವ ಒಡಪೆಂದರಂತೂ ಊರವರೆಲ್ಲ ಕೆಲಸ ಬಿಟ್ಟು ಬಂದು ಕೇಳುತ್ತಿದ್ದರು.

ಕಲ್ಲವ್ವ ತಾನೇ ನೋಡಿ, ಮೆಚ್ಚಿ, ಮಗನಿಗೆ ಬಾಳವ್ವ ಎಂಬ ಹೆಣ್ಣನ್ನು ತಂದಳು. ಬಾಳವ್ವನಿಗೆ ಹುಟ್ಟಿನಿಂದ ಮಾತಿರಲಿಲ್ಲ. ಮಗನಿಗಾಗಲಿ ತಾಯಿಗಾಗಲಿ ಅದೊಂದು ಕೊರತೆ ಎನಿಸಲಿಲ್ಲ. ಒಡಪಿನ ವಿಷಯ ಮಾತ್ರ ಯಾರಿಗೂ ಹೊಳೆದಿರಲಿಲ್ಲ.

ಮದುವೆ ಮುಗಿಸಿ ಮಗ ಸೊಸೆ ಬಾಗಿಲಿಗೆ ಬಂದರು. ರೈತನ ಅಕ್ಕ ಅಡ್ಡ ನಿಂತಳು.

“ಹೆಸರು ಹೇಳದ ಸೊಸಿ ಈ ಹೊಸ್ತಿಲ ದಾಟಿಲ್ಲ. ಇಕಿ ಹಿತ್ತಲ ಬಾಗಿಲಿಂದ ಬರಲಿ.”

ನೆರೆದವರು ಹೌದೆಂದರು. ಬಾಳವ್ವ ತಲೆ ತಗ್ಗಿಸಿದಳು. ರೈತ ಬಾಗಿಲೊಳಗೆ ಅಕ್ಕನ ಹಿಂದೆಯೇ ನಿಂತಿದ್ದ.

ಒಳಗಿದ್ದ ಕಲ್ಲವ್ವ ಆರತಿಯ ತಟ್ಟೆ ಕೆಳಗಿಟ್ಟು, ತಾನೂ ಹೊಸ್ತಿಲು ದಾಟಿ ಹೊರಗೆ ಬಂದಳು. ಸೊಸೆಯ ಕೈ ಹಿಡಿದು ನಿಂತು ಗಂಡನನ್ನು ನೋಡಿದಳು.

“ನನ್ನ ಸೊಸಿ ಹಿತ್ತಲಿಂದ ಬರೂದಿಲ್ಲ. ಮೂವತ್ತು ವರ್ಷ ನಾ ನಿಮ್ಮ ಹೆಸರ ಮೆರಸೇನಿ. ನೀವು ನನ್ನ ‘ಏ, ಇಲ್ಲಿ ಕೇಳ’ ಅಂತಲೇ ಕರದೀರಿ. ಇವತ್ತ ನಾವಿಬ್ಬರೂ ಹೊರಗ ನಿಂತೇವಿ. ಹೆಸರ ಹೇಳಿ ಒಳಗ ಕರಕೊಳ್ಳರಿ.”

ಪಂಚಾಯಿತಿಯಲ್ಲಿ ಗಂಟೆಗಟ್ಟಲೆ ಮಾತಾಡುತ್ತಿದ್ದ ರೈತನಿಗೆ ಒಂದು ಹೆಸರು ಗಂಟಲಲ್ಲಿ ಸಿಕ್ಕಿಕೊಂಡಿತು. ಅವನು ತಲೆಗೆ ಸುತ್ತಿದ ಪಟಗ ಸರಿಮಾಡಿಕೊಂಡ. ಅಕ್ಕನ ಮುಖ ನೋಡಿದ. ಕೊನೆಗೆ ನಿಧಾನವಾಗಿ ಅಂದ:

“ಕಲ್ಲವ್ವಾ, ಒಳಗ ಬಾ.”

ಅಷ್ಟೇ ಸಾಕಾಯಿತು. ಮಗ ಹೆಂಡತಿಯ ಪಕ್ಕದಲ್ಲೇ ನಿಂತು ದನಿ ಎತ್ತಿ ಒಡಪು ಹೇಳಿದ:

“ಬಿಳಿಜೋಳದ ತೆನಿ ಮ್ಯಾಲ ಬಿದ್ದೈತಿ ಬೆಳಕ,
ಬಾಳವ್ವ ಬಂದಾಳ, ಬಿಡರಿ ಒಳಕ!”

ಊರೇ ಚಪ್ಪಾಳೆ ತಟ್ಟಿತು. ರೈತನ ಅಕ್ಕ ಸೆರಗಿನಲ್ಲಿ ಕಣ್ಣೊರೆಸಿಕೊಂಡು ಪಕ್ಕಕ್ಕೆ ಸರಿದಳು. ಬಾಳವ್ವ ತಲೆಯೆತ್ತಿ ಬಲಗಾಲಿಟ್ಟಳು. ಅತ್ತೆ ಸೊಸೆ ಇಬ್ಬರೂ ಕೈಬಿಡದೆ ಒಟ್ಟಿಗೇ ಒಳಗೆ ನಡೆದರು. ಕಲ್ಲವ್ವ ಅಷ್ಟು ಹೆಮ್ಮೆಯಿಂದ ಆ ಮನೆಗೆ ಕಾಲಿಟ್ಟದ್ದು ಅದೇ ಮೊದಲು. ಅಂದಿನಿಂದ ಆ ಮನೆಯ ಗಂಡಸರೂ ಹೆಂಡತಿಯ ಹೆಸರಿಗೆ ಒಡಪು ಕಟ್ಟತೊಡಗಿದರು.

ಶಿಷ್ಯನಿಗೆ ಸಮಾಧಾನವಾಗಲಿಲ್ಲ. “ಆದರೂ ಒಬ್ಬ ಮೂಕಿಗಾಗಿ ಏಳು ತಲೆಮಾರಿನ ಪದ್ಧತಿ ಮುರಿಯಿತಲ್ಲ?” ಎಂದ.

ಗುರುಗಳು ಅವನನ್ನೇ ನೋಡುತ್ತ ಕೇಳಿದರು: “ಆ ಏಳು ತಲೆಮಾರು ಮೂಕರಾಗಿದ್ದವರು ಯಾರಪ್ಪಾ?”